ಹನ್ನೊಂದು ಮೈಲಿಯ ಪಾಸು

ಹಾಲೊ ಕಣಿವೆ ರೈಲ್ವೆ ಕಂಪನಿ ಅಂದರೆ ಹನ್ನೊಂದು ಮೈಲಿ ಹಳಿ, ಒಂದು ಎಂಜಿನ್, ಎರಡು ಡಬ್ಬಿ. ಜಂಕ್ಷನ್ನಿನಿಂದ ಏದುಸಿರು ಬಿಡುತ್ತ ವರ್ಮಾಂಟಿನ ಬೆಟ್ಟ ಹತ್ತುವುದು, ಚೀಸು, ಮರದ ದಿಮ್ಮಿ ಹೊತ್ತು ಇಳಿಯುವುದು. ಏಳೇ ವರ್ಷ ನಡೆಯಿತು. ಇವತ್ತು ಸಂಜೆ ಆರಕ್ಕೆ ಕಂಪನಿ ಮುಚ್ಚುತ್ತದೆ, ಸೋಮವಾರದಿಂದ ಹಳಿ ಕೀಳುತ್ತಾರೆ.

ಸೂಪರಿಂಟೆಂಡೆಂಟ್ ಓರಿನ್ ಟಟಲ್ ಜಂಕ್ಷನ್ನಿನ ಆಫೀಸಿನಲ್ಲಿ ಕೂತು ಡ್ರಾಯರು ಖಾಲಿ ಮಾಡುತ್ತಿದ್ದ. ಹುದ್ದೆಯ ಹೆಸರಷ್ಟೇ ದೊಡ್ಡದು; ಟಿಕೆಟ್ ತೂತು ಮಾಡುವವನೂ ಅವನೇ, ಹಿಮ ಗೋರುವವನೂ ಅವನೇ. ಡ್ರಾಯರಿನ ತುಂಬ ಬೇರೆ ಕಂಪನಿಗಳ ಪಾಸು. ವರ್ಷಕ್ಕೊಮ್ಮೆ ಇವರು ಅವರಿಗೆ, ಅವರು ಇವರಿಗೆ ಪಾಸು ಕಳಿಸುವುದು ರೂಢಿ. ಹೆಂಡತಿ ಸಮೇತ ಪುಕ್ಕಟೆ ಓಡಾಡಬಹುದು. ಸಾವಿರ ಮೈಲಿಯ ಕಂಪನಿಗಳಿಗೂ ಓರಿನ್ ತನ್ನ ಹನ್ನೊಂದು ಮೈಲಿಯ ಪಾಸು ಕಳಿಸಿದ್ದ. ಒಬ್ಬನೂ ಬಂದು ಹತ್ತಲಿಲ್ಲ. ಅದಕ್ಕೇ ಇವನೂ ಎಲ್ಲಿಗೂ ಹೋಗಲಿಲ್ಲ. ಎಂಥ ಹಟ ನೋಡಿ!

“ರೀ, ಆ ಪಾಸಿಟ್ಕೊಂಡು ಉಪ್ಪಿನಕಾಯಿ ಹಾಕ್ತೀರಾ?” ಹೆಂಡತಿ ಹೆಪ್ಸಿ ಬುಟ್ಟಿಯನ್ನು ಬೆಂಚಿನ ಮೇಲೆ ಕುಕ್ಕಿದಳು. “ಓಹಯೋದಲ್ಲಿ ನಮ್ಮ ಮಗಳು ಲೊವೀನಾಳ ಮಗುಗೆ ಮೂರು ವರ್ಷ ತುಂಬ್ತು. ಆರು ಗಂಟೆಗೆ ಕಂಪನಿ ಮುಗಿದ್ರೆ ಪಾಸೂ ಮುಗೀತು. ಆಮೇಲೆ ಟಿಕೆಟ್ ತಗೊಂಡು ಹೋಗೋ ಶಕ್ತಿ ಇದೆಯಾ ನಮಗೆ? ಈ ಜನ್ಮದಲ್ಲಿ ಮಗಳ ಮುಖ ನೋಡೋದು ಬೇಡ್ವಾ?”

“ಅವ್ರು ಕೊಟ್ಟಿದ್ದಕ್ಕೆ ನಾವೇನು ಕೊಟ್ವಿ ಹೇಳೇ? ಒಬ್ರೂ ನಮ್ಮ ಗಾಡಿ ಹತ್ತಲಿಲ್ಲ. ಬದಲಿಗೆ ಬದಲಿ ಆಗ್ಲಿಲ್ಲ ಅಂದ್ರೆ ಅದು ಭಿಕ್ಷೆ.”

“ಸುಡ್ಲಿ ನಿಮ್ಮ ಮರ್ಯಾದೆ!” ಅಂದವಳು ಮುಖ ತಿರುಗಿಸಿ ಶಾಲಿನಲ್ಲಿ ಕಣ್ಣೊರೆಸಿಕೊಂಡಳು. ಓರಿನ್‌ಗೇನು ಮಗಳ ಮೇಲೆ ಆಸೆ ಇರಲಿಲ್ಲವೇ?

ಎರಡು ಗಂಟೆಗೆ ಕೊನೆಯ ಗಾಡಿ ಬೆಟ್ಟಕ್ಕೆ ಹೊರಟಿತು. ಹೆಪ್ಸಿ ಬುಟ್ಟಿಯ ಸಮೇತ ಹತ್ತಿ ಕೂತಳು. ಟಿಕೆಟ್ ನೋಡುತ್ತ ಓರಿನ್ ಹಿಂದಿನ ಸೀಟಿಗೆ ಬಂದ. ಅಲ್ಲಿದ್ದ ಕುಂಟುಗಾಲಿನ ಮುದುಕ ಒಳಜೇಬಿನಿಂದ ಹನ್ನೊಂದು ಮೈಲಿಯ ಪಾಸು ತೆಗೆದು ಕೊಟ್ಟ. ಮೇಲೆ ಓರಿನ್‌ನದೇ ದುಂಡು ಅಕ್ಷರ.

“ಸೈಲಸ್ ವೀಡನ್,” ಅಂದ ಮುದುಕ. “ಓಹಯೋ ಕಡೆ ಓಡೋ ಗಾಡಿಗಳು ನನ್ನ ಸುಪರ್ದಿ. ಏಳು ವರ್ಷ ಪಾಸು ಕಳಿಸಿದ್ರಿ, ಮೇಪಲ್ ಎಲೆ ಕೆಂಪಾದಾಗ ಬನ್ನಿ ಅಂತ ಬರೆದ್ರಿ. ನಾಳೆ, ನಾಳೆ ಅಂತಲೇ ಕಳೆದುಬಿಟ್ಟೆ. ಹೋದ ವಾರ ಇನ್ನೊಂದು ಕಾಗದ ಬಂತು ನೋಡಿ, ಕಂಪನಿ ಮುಚ್ತಿದೆ, ಒಂದ್ಸಲ ಬಂದು ಹತ್ತಿ ಅಂತ, ಅದನ್ನ ಓದಿ ಕೂರೋಕಾಗ್ಲಿಲ್ಲ.”

“ನಾನು ಬರೀಲಿಲ್ವಲ್ಲ ಸ್ವಾಮಿ.”

ಹೆಪ್ಸಿ ಕಿಟಕಿಯಾಚೆ ಕೆಂಪು ಮರಗಳನ್ನೇ ನೋಡುತ್ತಿದ್ದಳು, ಮೊದಲ ಸಲ ಕಂಡವಳ ಹಾಗೆ.

ಓರಿನ್ ಪಾಸಿಗೆ ತೂತು ಹಾಕಿದ. ಮುದುಕ ಅವನ ಕೈ ಹಿಡಿದು, “ಐದೂವರೆಗೆ ಜಂಕ್ಷನ್ನಿನಿಂದ ಓಹಯೋಗೆ ನಮ್ಮ ಗಾಡಿ ಇದೆ. ಆರರ ಒಳಗೆ ಹತ್ತಿದವರನ್ನ ಯಾವನೂ ಇಳಿಸಲ್ಲ,” ಅಂದ.

ವಾಪಸು ಇಳಿಯುವಾಗ ಓರಿನ್ ಹೆಂಡತಿಯ ಪಕ್ಕ ಕೂತ. “ಕಾಗದ ಬರೆದೋಳು ನೀನೇ ಅಲ್ವೇನೇ?”

“ಹೂಂ. ಡ್ರಾಯರಿನಲ್ಲಿದ್ದ ಅಷ್ಟೂ ಕಂಪನಿಗೆ ಬರೆದೆ. ಇಪ್ಪತ್ತಾರು.”

“ಇಪ್ಪತ್ತಾರಕ್ಕೆ ಒಬ್ರು ಬಂದ್ರು.”

“ಒಬ್ರು ಸಾಲದಾ ನಿಮಗೆ?”

ಓರಿನ್ ಟೊಪ್ಪಿಗೆಯ ಮೇಲಿದ್ದ ಕಂಪನಿಯ ಪಟ್ಟಿ ಬಿಚ್ಚಿ ಜೇಬಿಗೆ ಹಾಕಿಕೊಂಡ. ಆಮೇಲೆ ಬುಟ್ಟಿಯನ್ನು ತನ್ನ ತೊಡೆಯ ಮೇಲೆ ಎಳೆದುಕೊಂಡು ಕೇಳಿದ, “ಮಗುಗೆ ಏನೇನು ಇಟ್ಟಿದೀಯೇ ಇದರಲ್ಲಿ?”