ಆಚೆ ದಡದಲ್ಲಿ ನಿಂತವನು

ಅಕ್ಟೋಬರ್ ತಿಂಗಳ ಕೊನೆಯ ಮಂಗಳವಾರ ಬೆಳಗಿನ ಹತ್ತು ಗಂಟೆಗೆ ನಮ್ಮ ಚರ್ಚಿನ ದೊಡ್ಡ ಗಂಟೆ ನುಡಿಯತೊಡಗಿತು. ನಾನು ಚಳಿಗಾಲಕ್ಕೆಂದು ಕಿಟಕಿಯ ಸಂದುಗಳಿಗೆ ಕಾಗದದ ಪಟ್ಟಿ ಅಂಟಿಸುತ್ತಿದ್ದೆ. ಕೈಯಲ್ಲಿದ್ದ ಕುಂಚವನ್ನು ಕೆಳಗಿಟ್ಟು ಎದ್ದು ನಿಂತೆ. ನಮ್ಮ ಊರಾದ ಓಸ್‌ಬ್ರೂಕಿನಲ್ಲಿ ಯಾರಾದರೂ ತೀರಿಕೊಂಡರೆ ಮರುದಿನ ಗಂಟೆ ಬಾರಿಸುವುದು ಹಳೆಯ ರೂಢಿ. ದೊಡ್ಡ ಗಂಟೆ ಮೊದಲು ನುಡಿದರೆ ಹೋದವನು ಗಂಡಸು, ಚಿಕ್ಕದು ಮೊದಲಾದರೆ ಹೆಂಗಸು. ಮೂವತ್ತೊಂದು ವರ್ಷ ಆ ಹಗ್ಗಗಳನ್ನು ಎಳೆದವನು ನಾನೇ. ಈಗ ಗುಂಡಿ ಒತ್ತಿದರೆ ಸಾಕು, ಅವು ತಾವೇ ಬಾರಿಸಿಕೊಳ್ಳುತ್ತವೆ.

ಗಂಡಸೆಂದು ತಿಳಿದೊಡನೆ ನನ್ನ ಮನಸ್ಸು ಓಡಿದ್ದು ಗೆಳೆಯ ಅಸ್ಸಾರನ ಕಡೆಗೆ. ಅವನ ಹೃದಯಕ್ಕೆ ಎರಡು ಸಲ ಆಪರೇಷನ್ ಆಗಿತ್ತು. ಗಂಟೆ ನಿಲ್ಲುವ ಮೊದಲೇ ಫೋನು ಬಂತು. ಮಾತನಾಡಿದವನು ಅಸ್ಸಾರನೇ.

"ಇದ್ದೀಯೇನೋ, ವಾಲ್ಲೆ?"

ನನ್ನ ಹೆಸರು ವಾಲ್‌ಫ್ರಿಡ್. ವಾಲ್ಲೆ ಎಂದು ಕರೆಯುವವರು ಊರಿನಲ್ಲಿ ಈಗ ಹೆಚ್ಚು ಜನ ಉಳಿದಿಲ್ಲ.

"ಇದ್ದೀನಪ್ಪ. ನೀನೇ ಹೋದೆ ಅಂದ್ಕೊಂಡಿದ್ದೆ."

"ನನ್ನ ಸರದಿ ಇನ್ನೂ ಬಂದಿಲ್ಲ ಕಣೋ. ಗೋಲ್‌ಕೀಪರ್‌ಗಳು ಕೊನೇಗೇ ಮೈದಾನ ಬಿಡೋದು." ಆಮೇಲೆ ಹೇಳಿದ: "ತೋರ್ಕೆಲ್ ಹೋದ. ನಿನ್ನೆ ಬೆಳಗ್ಗೆ ಅವನ ಅಕ್ಕ ಗುನ್‌ಬೊರ್ಗ್ ಬನ್ನು ಕೊಡೋಕೆ ಹೋಗಿದ್ಲಂತೆ. ಅಡುಗೆಮನೆ ಕುರ್ಚಿಯಲ್ಲೇ ಕೂತಿದ್ನಂತೆ. ರೇಡಿಯೋ ಹಾಡ್ತಾನೇ ಇತ್ತಂತೆ."

ಫೋನು ಇಟ್ಟ ಮೇಲೆ ಪಟ್ಟಿ ಅಂಟಿಸುವ ಕೆಲಸ ಮುಂದುವರಿಯಲಿಲ್ಲ. ಹದಿನಾಲ್ಕು ವರ್ಷಗಳಿಂದ ತೋರ್ಕೆಲನಿಗೆ ಒಂದು ಮಾತು ಹೇಳಬೇಕೆಂದು ಇಟ್ಟುಕೊಂಡಿದ್ದೆ. ದೊಡ್ಡ ಮಾತೇನಲ್ಲ. 'ಗುರುವಾರ ಕ್ಲಬ್ಬಿಗೆ ಬಾರೋ, ನಮ್ಮ ಜೊತೆ ಕಾಫಿ ಕುಡಿ.' ಇಷ್ಟೇ. ಇನ್ನು ಅದನ್ನು ಕೇಳುವ ಕಿವಿ ಇಲ್ಲ.

ತೋರ್ಕೆಲ್ ಹೆಡ್ವಾಲ್ ಎಂಬ ಹೆಸರು ಒಂದು ಕಾಲಕ್ಕೆ ದೇಶದ ಎಲ್ಲ ಪತ್ರಿಕೆಗಳಲ್ಲಿಯೂ ಬರುತ್ತಿತ್ತು. ಹಳದಿ ಅಂಗಿ ತೊಟ್ಟು ಸ್ವೀಡನ್ನಿಗಾಗಿ ಹತ್ತೊಂಬತ್ತು ಸಲ ಫುಟ್‌ಬಾಲ್ ಆಡಿದವನು. ನಮಗೆ ಮಾತ್ರ ಅವನು ಕಾಗದದ ಕಾರ್ಖಾನೆಯಲ್ಲಿ ಮರದ ತಿರುಳು ಬೇಯಿಸುತ್ತಿದ್ದ ಹೆಡ್ವಾಲನ ಮಗ. ಅವನು, ಅಸ್ಸಾರ, ನಾನು ಒಂದೇ ವರ್ಷ ಹುಟ್ಟಿದವರು. ಒಂದೇ ಭಾನುವಾರ ಚರ್ಚಿನ ಬಲಿಪೀಠದ ಕಟಕಟೆಯ ಮುಂದೆ ಸಾಲಾಗಿ ಮಂಡಿಯೂರಿ ಮೊದಲ ಸಲ ಪ್ರಭುಭೋಜನದ ರೊಟ್ಟಿಯನ್ನೂ ದ್ರಾಕ್ಷಾರಸವನ್ನೂ ಪಡೆದವರು. ಅಂದು ಮಧ್ಯಾಹ್ನವೇ ಪಂದ್ಯವಿತ್ತು. ಕರಿಯ ಕೋಟಿನ ಕೆಳಗೆ ತೋರ್ಕೆಲ್ ಆಟದ ಚಡ್ಡಿಯನ್ನು ತೊಟ್ಟೇ ಬಂದಿದ್ದನೆಂದು ಆಮೇಲೆ ತಿಳಿಯಿತು. ಇದು ದೇವರಿಗೆ ಗೊತ್ತಿದ್ದಿರಬೇಕು, ಪಾದ್ರಿಗಳಿಗೆ ಗೊತ್ತಾಗಲಿಲ್ಲ.

ಹದಿನೇಳನೆಯ ವಯಸ್ಸಿಗೆ ಮೂವರೂ ಊರಿನ ಮೊದಲ ತಂಡಕ್ಕೆ ಬಂದೆವು. ಅಸ್ಸಾರ ಗೋಲಿನಲ್ಲಿ, ತೋರ್ಕೆಲ್ ಮೈದಾನದ ನಡುವೆ, ನಾನು ಬಲಗಡೆಯ ಅಂಚಿನಲ್ಲಿ. ನಡುವೆ ಆಡುವವನ ಕೆಲಸ ಹೊರಗಿನವರ ಕಣ್ಣಿಗೆ ಬೀಳುವುದಿಲ್ಲ. ಗೋಲು ಹೊಡೆಯುವವನು ಬೇರೆ, ತಡೆಯುವವನು ಬೇರೆ. ತೋರ್ಕೆಲ್ ಚೆಂಡು ತನ್ನ ಬಳಿಗೆ ಬರುವ ಮೊದಲೇ ಒಮ್ಮೆ ಎಡಭುಜದ ಮೇಲಿಂದ, ಒಮ್ಮೆ ಬಲಭುಜದ ಮೇಲಿಂದ ಹಿಂತಿರುಗಿ ನೋಡುತ್ತಿದ್ದ. ಅಷ್ಟರಲ್ಲಿ ಮೈದಾನದ ಇಪ್ಪತ್ತೆರಡು ಜನರೂ ಅವನ ತಲೆಯೊಳಗೆ ಬಂದು ನಿಲ್ಲುತ್ತಿದ್ದರು. ಅವನು ಚೆಂಡನ್ನು ನನ್ನ ಕಾಲಿಗೆ ಕೊಟ್ಟದ್ದೇ ಇಲ್ಲ. ನಾನಿರುವ ಕಡೆಯಿಂದ ಮೂರು ಹೆಜ್ಜೆ ಮುಂದಕ್ಕೆ, ಯಾರೂ ಇಲ್ಲದ ಹುಲ್ಲಿನ ಮೇಲೆ ಇಡುತ್ತಿದ್ದ. ನಾನು ಓಡಬೇಕೆಂದು ನನಗೆ ತೋಚುವ ಮೊದಲೇ ಅದು ಅವನಿಗೆ ತೋಚಿರುತ್ತಿತ್ತು. ಮೊದಮೊದಲು ನಾನು ಬೈಯುತ್ತಿದ್ದೆ.

"ಕಾಲಿಗೆ ಕೊಡೋ, ದರಿದ್ರದವನೇ!"

"ಕಾಲಿಗೆ ಕೊಟ್ರೆ ನೀನು ನಿಂತೇ ಬಿಡ್ತೀಯ ಕಣೋ," ಎನ್ನುತ್ತಿದ್ದ. "ನೀನು ಓಡೋದು ನೋಡೋಕೆ ಚೆನ್ನಾಗಿರತ್ತೆ."

ನಾಲ್ಕು ಬೇಸಗೆ ಹಾಗೆ ಓಡಿದೆ. ನನ್ನ ಬಾಳಿನಲ್ಲಿ ಮದುವೆಯಾಯಿತು, ಮಕ್ಕಳಾದರು, ಚರ್ಚಿನಲ್ಲಿ ಕೆಲಸ ಸಿಕ್ಕಿತು. ಎಲ್ಲಕ್ಕೂ ಕೃತಜ್ಞನಾಗಿದ್ದೇನೆ. ಆದರೂ ನಾನೆಲ್ಲಿಗೆ ಹೋಗಬಲ್ಲೆನೆಂದು ನನಗಿಂತ ಮೊದಲು ಕಂಡವನು ಅವನೊಬ್ಬನೇ.

ಇಪ್ಪತ್ತೊಂದಕ್ಕೆ ಅವನನ್ನು ಯೋಟೆಬೊರಿ ನಗರದ ದೊಡ್ಡ ಕ್ಲಬ್ಬಿನವರು ಕರೆದುಕೊಂಡು ಹೋದರು. ಇಪ್ಪತ್ತೈದಕ್ಕೆ ಬೆಲ್ಜಿಯಂಗೆ ಹೋದ. ಅಲ್ಲಿ ಆಟವೇ ಅವನ ಉದ್ಯೋಗವಾಯಿತು. ಆಗ ಕಾಗದದ ಕಾರ್ಖಾನೆಯಲ್ಲಿದ್ದ ನಾವು ಊಟದ ಬಿಡುವಿನಲ್ಲಿ ಒಂದೇ ಪತ್ರಿಕೆಯನ್ನು ಹನ್ನೆರಡು ಜನ ಓದುತ್ತಿದ್ದೆವು. ಒಮ್ಮೆ ದೇಶದ ತಂಡ ಸ್ಟಾಕ್‌ಹೋಮಿನಲ್ಲಿ ಆಡುವಾಗ ನಾನೂ ಅಸ್ಸಾರನೂ ರೈಲು ಹತ್ತಿ ಹೋದೆವು. ಬಹಳ ಎತ್ತರದಲ್ಲಿ ನಮ್ಮ ಜಾಗ. ತೋರ್ಕೆಲ್ ಬೆರಳುದ್ದ ಕಾಣುತ್ತಿದ್ದ. ಭುಜದ ಮೇಲಿಂದ ಎರಡು ಸಲ ನೋಡಿದ. ಚೆಂಡು ಬಲ ಅಂಚಿಗೆ ಹೊರಟಿತು. ಅಲ್ಲಿದ್ದವನು ದೊಡ್ಡ ಹೆಸರಿನ ಆಟಗಾರ. ಒಂದು ಗಳಿಗೆ ತಡಮಾಡಿದ. ಚೆಂಡು ಗೆರೆ ದಾಟಿತು. ಕಲ್ಲಿನ ಮೆಟ್ಟಿಲ ಮೇಲೆ ಕುಳಿತಿದ್ದ ನನ್ನ ಕಾಲು ಮಾತ್ರ ಸರಿಯಾದ ಹೊತ್ತಿಗೆ ಎದ್ದಿತ್ತು. ಮುಂದೆ ಕುಳಿತಿದ್ದ ಹೆಂಗಸಿನ ಬೆನ್ನಿಗೆ ಮೊಣಕಾಲು ತಾಗಿ ಕ್ಷಮೆ ಕೇಳಬೇಕಾಯಿತು.

ಮೂವತ್ತಮೂರಕ್ಕೆ ಅವನ ಮೊಣಕಾಲು ಮುರಿಯಿತು. ಬೆಲ್ಜಿಯಂನಲ್ಲಿಯೇ ನಿಂತು ಎಳೆಯರಿಗೆ ಆಟ ಕಲಿಸಿದ. ಅಲ್ಲಿಯವಳನ್ನೇ ಮದುವೆಯಾದ. ಮಕ್ಕಳಾಗಲಿಲ್ಲ. ಹೆಂಡತಿಯನ್ನು ಮಣ್ಣು ಮಾಡಿ, ಅರವತ್ತೊಂದನೆಯ ವಯಸ್ಸಿನಲ್ಲಿ ಓಸ್‌ಬ್ರೂಕಿಗೆ ಹಿಂದಿರುಗಿ, ನದಿಯ ಆಚೆ ದಡದಲ್ಲಿ ಒಂದು ಸಣ್ಣ ಹಳದಿ ಮನೆ ಕೊಂಡ.

ಅವನು ಊರಿಗೆ ಹಿಂದಿರುಗಿದ ವಾರದ ಗುರುವಾರ ಕ್ಲಬ್ಬಿನ ಮರದ ಮನೆಯಲ್ಲಿ ಬೇರೆ ಮಾತೇ ಇರಲಿಲ್ಲ. ಗುರುವಾರ ಹಳೆಯ ಆಟಗಾರರ ದಿನ. ಒಗೆದ ಅಂಗಿಗಳನ್ನು ಮಡಚುವುದು, ಬಲೆ ಹೊಲಿಯುವುದು, ಮೈದಾನಕ್ಕೆ ಸುಣ್ಣದ ಗೆರೆ ಎಳೆಯುವುದು, ಆಮೇಲೆ ಏಲಕ್ಕಿ ಬನ್ನು, ಕಾಫಿ.

"ತೋರ್ಕೆಲನ್ನ ಕರೆಯೋಣ್ವಾ?" ಎಂದೆ.

"ಕರೆದು? ಐವತ್ತು ಸಾವಿರ ಜನರ ಮುಂದೆ ಆಡಿದವನಿಗೆ, ಬಾರಪ್ಪ, ಈ ಸಾಕ್ಸ್ ಜೋಡಿಸು ಅನ್ನೋದಾ?" ಎಂದ ಅಸ್ಸಾರ. "ಪಾಪ, ಹೆಂಡ್ತಿ ಕಳ್ಕೊಂಡು ಬಂದಿದ್ದಾನೆ. ಅವನ ಪಾಡಿಗೆ ಬಿಡೋಣ."

ಎಲ್ಲರೂ ತಲೆಯಾಡಿಸಿದರು. ನಾನೂ ಆಡಿಸಿದೆ. ನಮ್ಮಲ್ಲಿ ಅದೇ ದೊಡ್ಡ ಮರ್ಯಾದೆ. ಕರೆಯದೆ ಯಾರೂ ಇನ್ನೊಬ್ಬರ ಬಾಗಿಲು ತಟ್ಟುವುದಿಲ್ಲ. ದೊಡ್ಡವರ ಮೇಲೆ ಬೀಳುವುದಿಲ್ಲ. ಅಂಗಡಿಯಲ್ಲಿ ಸಿಕ್ಕರೆ, "ಚಳಿ ಜಾಸ್ತಿ," ಎನ್ನುತ್ತಿದ್ದೆ. "ಹೌದು, ಜಾಸ್ತಿ," ಎನ್ನುತ್ತಿದ್ದ. ಹಾಲಿನ ಡಬ್ಬಿ ಎತ್ತಿಕೊಂಡು ಸ್ವಲ್ಪ ಹೊತ್ತು ನಿಲ್ಲುತ್ತಿದ್ದ. ನಾನೂ ನಿಲ್ಲುತ್ತಿದ್ದೆ. ಆಮೇಲೆ ಇಬ್ಬರೂ ಹೊರಡುತ್ತಿದ್ದೆವು. ಒಂದು ಸಲ ಬನ್ನಿನ ಪೊಟ್ಟಣ ಹಿಡಿದು ಅವನ ಗೇಟಿನವರೆಗೂ ಹೋದೆ. ಕಿಟಕಿಯಲ್ಲಿ ಅವನ ತಲೆ ಕಂಡಿತು. ವಿಶ್ರಾಂತಿಯಲ್ಲಿರಬಹುದೆಂದು ಹಿಂದಿರುಗಿದೆ.

ಅವನು ನಮ್ಮ ಪಂದ್ಯಗಳನ್ನು ನೋಡುತ್ತಾನೆಂದು ಎಲ್ಲರಿಗೂ ಗೊತ್ತಿತ್ತು. ಮೈದಾನ ಈ ದಡದಲ್ಲಿ. ಆಚೆ ದಡದ ಆಲ್ಡರ್ ಮರಗಳ ನಡುವೆ ಟೊಪ್ಪಿ ಹಾಕಿಕೊಂಡು ನಿಂತಿರುತ್ತಿದ್ದ. ದಿಟ್ಟಿಸಿ ನೋಡಿದರೆ ಸಂಕೋಚಪಟ್ಟಾನೆಂದು ನಾವು ಆ ಕಡೆ ನೋಡುತ್ತಲೇ ಇರಲಿಲ್ಲ.

ಆರು ವರ್ಷದ ಹಿಂದೆ, ಮೇ ತಿಂಗಳ ಒಂದು ಶನಿವಾರ, ನಮ್ಮ ಹುಡುಗರಲ್ಲಿ ಯಾರೋ ಹೊಡೆದ ಚೆಂಡು ನದಿಗೆ ಬಿತ್ತು. ನೀರು ಅದನ್ನು ಆಚೆ ದಡಕ್ಕೆ ಒಯ್ದಿತು. ತೋರ್ಕೆಲ್ ಕೋಲಿನಿಂದ ಎಳೆದು, ಬಗ್ಗಿ, ಎರಡೂ ಕೈಯಲ್ಲಿ ಎತ್ತಿ ಹುಲ್ಲಿನ ಮೇಲಿಟ್ಟ. ಒಮ್ಮೆ ಎಡಭುಜದ ಮೇಲಿಂದ ನೋಡಿದ, ಒಮ್ಮೆ ಬಲಭುಜದ ಮೇಲಿಂದ. ಅವನ ಹಿಂದೆ ಮರಗಳಲ್ಲದೆ ಯಾರೂ ಇರಲಿಲ್ಲ. ಆಮೇಲೆ ಒದ್ದ. ಚೆಂಡು ನದಿಯ ಅಗಲವನ್ನೆಲ್ಲ ದಾಟಿ, ಆಟಗಾರರ ತಲೆಯ ಮೇಲಿಂದ ಬಂದು, ಬಲಗಡೆಯ ಅಂಚಿನಲ್ಲಿ ನಿಂತಿದ್ದ ನನ್ನಿಂದ ಮೂರು ಹೆಜ್ಜೆ ಮುಂದೆ ಇಳಿಯಿತು. ಸುಮಾರು ಎಪ್ಪತ್ತರ ನನ್ನ ಕಾಲುಗಳು ನನ್ನನ್ನು ಕೇಳದೆ ಆ ಮೂರು ಹೆಜ್ಜೆಯನ್ನೂ ಓಡಿದವು.

"ಓಡ್ದ! ನೋಡ್ರೋ, ಮುದುಕ ಓಡ್ದ!" ಎಂದು ಅಸ್ಸಾರ ಕೂಗಿದ. ಎರಡೂ ತಂಡದವರು ಚಪ್ಪಾಳೆ ತಟ್ಟಿದರು.

ನಾನು ಟೊಪ್ಪಿ ತೆಗೆದು ಕೂಗಿದೆ: "ಥ್ಯಾಂಕ್ಸ್, ತೋರ್ಕೆಲ್!"

ಅವನು ಕೈಯೆತ್ತಿದ. ಎತ್ತಿದ ಕೈಯನ್ನು ಇಳಿಸಿ, ನಮ್ಮ ಕಡೆಯೇ ನೋಡುತ್ತ ನಿಂತ. ಸೇತುವೆ ಇನ್ನೂರು ಹೆಜ್ಜೆ ದೂರವೂ ಇರಲಿಲ್ಲ.

"ಕರೀಲೇನೋ?" ಎಂದ ಅಸ್ಸಾರ, ಮೆಲ್ಲಗೆ.

"ಬೇಡ ಬಿಡು," ಎಂದೆ. ಹೌದು, ಆ ಮಾತು ಹೇಳಿದವನು ನಾನು. "ಎಲ್ಲರೂ ನೋಡ್ತಿದ್ದಾರೆ. ಅವನಿಗೆ ಮುಜುಗರ ಆಗತ್ತೆ."

ಆಟ ಮುಂದುವರಿಯಿತು. ಸ್ವಲ್ಪ ಹೊತ್ತಿನ ಮೇಲೆ ತಿರುಗಿ ನೋಡಿದೆ. ಮರಗಳ ನಡುವೆ ಯಾರೂ ಇರಲಿಲ್ಲ.

ಅವನು ತೀರಿಕೊಂಡ ವಾರದ ಗುರುವಾರ ನಾನು ಕ್ಲಬ್ಬಿಗೆ ಹೋಗದೆ ಸೇತುವೆ ದಾಟಿ ಅವನ ಅಕ್ಕ ಗುನ್‌ಬೊರ್ಗ್‌ಳ ಮನೆಗೆ ಹೋದೆ. ಅವಳು ನಮಗಿಂತ ಐದು ವರ್ಷಕ್ಕೆ ದೊಡ್ಡವಳು; ಶಾಲೆಯಲ್ಲಿದ್ದಾಗ ನಮ್ಮ ಕಿವಿ ಹಿಂಡಿದವಳು. ಬಾಗಿಲು ತೆರೆದು ನನ್ನನ್ನು ಮೇಲಿಂದ ಕೆಳಗೆ ನೋಡಿದಳು.

"ದಾರಿ ಗೊತ್ತಾಯ್ತಾ?" ಎಂದಳು. "ಬಾ. ಕಾಲು ಒರೆಸ್ಕೋ."

ಕಾಫಿ ಬಗ್ಗಿಸಿದಳು. ಹಾಡಬೇಕಾದ ಕೀರ್ತನೆಗಳ ಮಾತಾಡಿದೆವು. ಆಮೇಲೆ ನನ್ನಿಂದ ತಡೆಯಲಾಗಲಿಲ್ಲ.

"ಅವನಿಗೆ ತೊಂದ್ರೆ ಕೊಡ್ಬಾರ್ದು ಅಂತ ನಾವು ಯಾರೂ..."

ಗುನ್‌ಬೊರ್ಗ್ ಕಾಫಿಯ ಪಾತ್ರೆಯನ್ನು ಕೆಳಗಿಟ್ಟಳು. "ಏನು ತೊಂದ್ರೆ? ಪ್ರತಿ ಗುರುವಾರ ಗಡ್ಡ ಬೋಳಿಸ್ಕೊಂಡು, ಒಳ್ಳೇ ಶರ್ಟು ಹಾಕ್ಕೊಂಡು ಕೂತಿರ್ತಿದ್ದ ಕಣೋ. 'ಹೋಗೋ, ನೀನೇ ಹೋಗು' ಅಂತ ನಾನು ಬೈದು ಬೈದು ಸಾಕಾಯ್ತು. 'ಕರೀದೆ ಹ್ಯಾಗಕ್ಕಾ ಹೋಗ್ಲಿ? ದೊಡ್ಡಸ್ತಿಕೆ ತೋರ್ಸೋಕೆ ಬಂದ ಅಂದ್ಕೋತಾರೆ. ಊರು ಬಿಟ್ಟು ಹೋದವನು ನಾನು. ಬಾ ಅನ್ನೋದು ಅವರ ಕೈಲಿದೆ' ಅನ್ನೋನು."

ಅವಳು ನನ್ನ ಬಟ್ಟಲಿಗೆ ಮತ್ತೆ ಕಾಫಿ ಬಗ್ಗಿಸಿದಳು.

"ಆ ಚೆಂಡು ಒದ್ದ ದಿನ ಕುಂಟ್ತಾ ಬಂದ. ಮೊಣಕಾಲು ಕುಂಬಳಕಾಯಿ ಆಗಿತ್ತು. ಐಸ್ ಇಟ್ಕೊಂಡು ಇಲ್ಲೇ, ನೀನು ಕೂತಿದ್ದೀಯಲ್ಲ ಅಲ್ಲೇ, ನಗ್ತಾ ಕೂತಿದ್ದ. 'ವಾಲ್ಲೆ ಇನ್ನೂ ಓಡ್ತಾನಕ್ಕಾ. ನೋಡು, ಈ ಗುರುವಾರ ಕರೀತಾರೆ' ಅಂದ."

"ಕರೀಲಿಲ್ಲ," ಎಂದೆ.

"ಇಲ್ಲ, ಕರೀಲಿಲ್ಲ." ಅವಳು ತಟ್ಟೆಯನ್ನು ನನ್ನ ಕಡೆಗೆ ತಳ್ಳಿದಳು. ಅವಳ ಕಣ್ಣು ಒಣಗಿಯೇ ಇತ್ತು. "ಬನ್ನು ತಿನ್ನು, ವಾಲ್ಲೆ. ಅವನಿಗೆ ಅಂತ ಮಾಡಿದ್ದು. ತಿನ್ನೋರು ಬೇಕಲ್ಲ."

ತಿಂದೆ.

ಅಲ್ಲಿಂದ ನೆಟ್ಟಗೆ ಚರ್ಚಿಗೆ ನಡೆದೆ. ಮಧ್ಯಾಹ್ನದ ಹೊತ್ತು. ಒಳಗೆ ಯಾರೂ ಇರಲಿಲ್ಲ. ಮೂವತ್ತೊಂದು ವರ್ಷ ಸತ್ತವರಿಗಾಗಿ ಅಲ್ಲಿ ಓದುತ್ತಿದ್ದ ಪ್ರಾರ್ಥನೆಗಳು ನನಗೆ ಬಾಯಿಪಾಠ. ಅಂದು ಒಂದೂ ನೆನಪಿಗೆ ಬರಲಿಲ್ಲ. ಮೂವರೂ ಮಂಡಿಯೂರಿದ್ದ ಕಟಕಟೆಯ ಬಳಿ ನಿಧಾನವಾಗಿ ಮಂಡಿಯೂರಿ, ಬಾಯಿಗೆ ಬಂದಂತೆ ಬೇಡಿಕೊಂಡೆ.

ಕರ್ತನೇ, ತೋರ್ಕೆಲ್ ನಿನ್ನ ಬಳಿಗೆ ಬಂದಿದ್ದಾನೆ. ನಾವು ಅವನನ್ನು ಅವನ ಪಾಡಿಗೆ ಬಿಟ್ಟೆವು. ಅದನ್ನೇ ಪ್ರೀತಿ ಎಂದುಕೊಂಡೆವು. ನೀನು ಹಾಗೆ ಬಿಡಬೇಡ. ಅವನು ಕರೆಯದೆ ಒಳಗೆ ಬರುವವನಲ್ಲ. ನಿನ್ನ ಬಾಗಿಲ ಹೊರಗೆ ಟೊಪ್ಪಿ ಕೈಯಲ್ಲಿ ಹಿಡಿದು ಸಂಕೋಚದಿಂದ ನಿಂತಿದ್ದರೆ, ನೀನೇ ಎದ್ದು ಹೋಗಿ ಹೆಸರು ಹಿಡಿದು ಕರೆ. ಅವನ ತಂದೆ ತಾಯಿಯ ಹತ್ತಿರ, ಅವನ ಹೆಂಡತಿಯ ಹತ್ತಿರ, ಜನರ ನಡುವೆ ಕೂರಿಸು. ಅವನ ಮೊಣಕಾಲಿನ ನೋವನ್ನು ತೆಗೆದುಬಿಡು. ಹದಿನಾಲ್ಕು ವರ್ಷ ಕಾದ ಆ ಮನಸ್ಸನ್ನು ಇನ್ನು ಕಾಯಿಸಬೇಡ. ನಮ್ಮನ್ನು ಕ್ಷಮಿಸುವುದು ಆಮೇಲಾಗಲಿ. ಮೊದಲು ಅವನ ಆತ್ಮಕ್ಕೆ ಶಾಂತಿ ಕೊಡು. ಆಮೆನ್.