ಒಮ್ಮೆ ಮುಟ್ಟಿದ ಭಂಡಾರ

ಅಮಸಿದ್ದಪ್ಪ ಭಂಡಾರದ ಚೀಲ ಬಿಚ್ಚಿದಾಗಲೇ ಮಾಯವ್ವ ಬಾಯಿಗೆ ಬಂದ ಬೈಗುಳ ನುಂಗಿಕೊಂಡಳು. ಭಾವ ಬರಿಗೈಯಲ್ಲಿ ಬಂದಿದ್ದರೆ ಬೈದು ಕಳಿಸುತ್ತಿದ್ದಳು, ಬಾಯಿ ಅವಳಿಗೇನು ಕಡಿಮೆಯಿರಲಿಲ್ಲ. ಆದರೆ ಮುಟ್ಟಿ ಆಣೆ ಮಾಡೆಂದು ಬೀರೇಶ್ವರನ ಗುಡಿಯ ಅರಿಸಿನ ಎದುರಿಗಿಟ್ಟರೆ ಎದುರಾಡುವವರು ಆ ಮನೆತನದಲ್ಲಿ ಯಾರೂ ಹುಟ್ಟಿರಲಿಲ್ಲ.

ವಿಷಯ ತುಬಚಿಯ ಮೂರೆಕರೆ ಹೊಲದ್ದು. ಮಾಯವ್ವನ ಗಂಡ ಶಿವಪುತ್ರ ತೀರಿಕೊಂಡ ಮೇಲೆ, ತಮ್ಮನ ಪಾಲನ್ನೂ ಅಮಸಿದ್ದಪ್ಪ ತನ್ನ ಹೆಸರಿಗೇ ಏರಿಸಿಕೊಂಡಿದ್ದ. ಅವಳು ಜಮಖಂಡಿಗೆ ಅಲೆದಲೆದು, ಉಪವಿಭಾಗಾಧಿಕಾರಿಗಳ ಮುಂದೆ ಅಪೀಲು ಹಾಕಿ ಗೆದ್ದಳು. ಹೊಲದ ಉತಾರದಲ್ಲಿ, ಅಂದರೆ ಪಹಣಿಯಲ್ಲಿ, ಅವಳ ಹೆಸರು ಬಂತು. ಭಾವ ಆಗ ಸುಮ್ಮನಿದ್ದ. ಮುಂದೆ ಏತ ನೀರಾವರಿಯ ಕಾಲುವೆ ಆ ಹೊಲದ ಮಗ್ಗುಲಿಗೇ ಬರುತ್ತದೆಂಬ ಸುದ್ದಿ ಹಬ್ಬಿತು ನೋಡಿ, ಸತ್ತ ತಮ್ಮನ ಮೇಲಿನ ಪ್ರೀತಿ ಅವನಿಗೆ ಮತ್ತೆ ಉಕ್ಕಿ ಬಂತು.

ಅವನು ಮೇಲಿನವರ ಹತ್ತಿರ ಹೋಗಲಿಲ್ಲ. ಅದೇ ಕಚೇರಿಗೆ ಹೊಸ ಸಾಹೇಬರು ಬಂದದ್ದೇ ತಡ, ಹಳೆಯ ಹುಕುಂ ಮತ್ತೊಮ್ಮೆ ನೋಡಬೇಕೆಂದು ಅರ್ಜಿ ಹಾಕಿದ. ಸಾಹೇಬರು ತನ್ನವರೇ ಎಂದು ಊರೆಲ್ಲ ಹೇಳಿಕೊಂಡು ತಿರುಗಿದ. ಮಾಯವ್ವನಿಗೆ ನೋಟೀಸು ಬಂದ ದಿನದಿಂದ ಅನ್ನ ಸೇರಲಿಲ್ಲ. ಬರೆದ ಕುರ್ಚಿಯೇ ಅಳಿಸುತ್ತೇನೆಂದರೆ ತಡೆಯುವವರು ಯಾರು? ಹೊಲ ಹೋದರೆ ಕುರಿ ತರುಬಿ ಕೂಡಿಹಾಕುವ ಜಾಗವೂ ಹೋಗುತ್ತಿತ್ತು.

ಈಗ ಈ ಭಂಡಾರ ಬೇರೆ.

"ಸಾಹೇಬ್ರ ಮುಂದ ನಿಂತು, ಮತ್ತೊಮ್ಮಿ ನೋಡ್ರಿ, ನನ್ನದೇನೂ ತಕರಾರಿಲ್ಲ ಅನ್ನು. ಅಷ್ಟ ಸಾಕು. ಮುಟ್ಟು," ಎಂದ ಅಮಸಿದ್ದಪ್ಪ. ಆಮೇಲೆ ಒಳಗಿನ ಕೋಣೆಯ ಕಡೆ ನೋಡಿ ದನಿ ತಗ್ಗಿಸಿದ. "ಶೇವಂತಿ ಚೊಚ್ಚಲ ಬಸುರಿ ಅದಾಳ. ದೇವರ ಜೋಡಿ ಆಟ ಬ್ಯಾಡ."

ಮಗಳು ಒಳಗೆ ಬಳೆ ಸದ್ದು ಮಾಡುತ್ತ ಜೋಳ ಹಸನು ಮಾಡುತ್ತಿದ್ದಳು. ಮಾಯವ್ವ ಒಮ್ಮೆ ಆ ಕಡೆ ನೋಡಿದಳು. ಕಣ್ಣು ಮುಚ್ಚಿ ಭಂಡಾರ ಮುಟ್ಟಿದಳು.

ಜಮಖಂಡಿಯ ಕಚೇರಿಯಲ್ಲಿ ಹೆಸರು ಕೂಗಿದಾಗಲೂ ಅವಳ ಉಗುರಿನ ಹಳದಿ ಹೋಗಿರಲಿಲ್ಲ. ಓಡಿಹೋಗೋಣವೆನಿಸಿತು. ಆದರೆ ದೇವರ ಮಾತಿಗೆ ತಪ್ಪಿ ಓಡುವುದಾದರೂ ಎಲ್ಲಿಗೆ? ಹೇಳಬೇಕಾದ್ದನ್ನು ಒಂದಕ್ಷರ ಬಿಡದೆ ಹೇಳಿದಳು. ಹೊಲವನ್ನು ತನ್ನ ಕೈಯಾರೆ ಕೊಟ್ಟೆನೆಂದು ಅವಳಿಗೆ ಖಾತ್ರಿಯಾಯಿತು.

ಸಾಹೇಬರು ಕಾಗದ ತಿರುವಿ, ತಲೆ ಎತ್ತದೆಯೇ ಹೇಳಿದರು: "ಇದನ್ನ ಮತ್ತೆ ನೋಡೋಕೆ ನನಗೆ ಅಧಿಕಾರ ಇಲ್ಲ. ಬರೆಯೋವಾಗ ಅಕ್ಷರ ತಪ್ಪಿದ್ರೆ ತಿದ್ದಬಹುದು, ತೀರ್ಪು ತಿದ್ದೋಕೆ ಬರೋದಿಲ್ಲ."

"ಆಕಿನ ಒಪ್ಪ್ಯಾಳಲ್ರೀ," ಎಂದ ಅಮಸಿದ್ದಪ್ಪ.

"ಇಬ್ಬರೂ ಒಪ್ಪಿದರೂ ಕಾಯ್ದೆ ಕೊಡದ ಅಧಿಕಾರ ನನಗೆ ಬರೋದಿಲ್ಲ. ಈ ಕುರ್ಚಿ ಒಮ್ಮೆ ನಿರ್ಧಾರ ಮಾಡಿ ಆಯ್ತು. ತಕರಾರಿದ್ದರೆ ಆಗಲೇ ಮೇಲಿನವರ ಹತ್ತಿರ ಹೋಗಬೇಕಿತ್ತು."

ಅರ್ಜಿ ವಜಾ ಆಯಿತು. ಮಾಯವ್ವನಿಗೆ ನಂಬಿಕೆ ಬರಲಿಲ್ಲ. ಹೊರಗೆ ಬಂದು ಬೇವಿನ ಗಿಡಕ್ಕೆ ಒರಗಿ ನಿಂತಳು. ಅಳು ಬರುವಂತಾಯಿತು, ಆದರೆ ಅಳುವುದಕ್ಕೆ ಪುರುಸೊತ್ತು ಸಿಗಲಿಲ್ಲ. ಭಾವ ಹಿಂದೆಯೇ ಬಂದು ಮತ್ತೆ ಚೀಲ ಬಿಚ್ಚಿದ. ಹೊಲ ನಾನೇ ಬಿಟ್ಟುಕೊಡುತ್ತೇನೆಂದು ಹೇಳಿ ಮುಟ್ಟು, ಆಗ ಯಾವ ಸಾಹೇಬನೂ ಬೇಕಾಗಿಲ್ಲ ಎಂದ. ಶೇವಂತಿಯ ಹೆಸರನ್ನೂ ಎತ್ತಿದ.

ಒಳಗೆ ಆಗಿದ್ದಕ್ಕಿಂತ ಹೆಚ್ಚಿನ ಹೆದರಿಕೆ ಅವಳಿಗೆ ಇಲ್ಲಿ ಆಯಿತು. ಸಾಹೇಬರಿಗಾದರೂ ಕಾಯ್ದೆಯಿತ್ತು, ದೇವರನ್ನು ಚೀಲದಲ್ಲಿಟ್ಟುಕೊಂಡು ತಿರುಗುವವನಿಗೆ ಯಾವ ಕಾಯ್ದೆ? ಆದರೂ ಹೇಳಿದಳು.

"ಭಾವಾರ, ನೀವು ಒಮ್ಮಿ ಮುಟ್ಟಿಸಿದ್ರಿ, ನಾನು ಮುಟ್ಟಿ ಅಂದಂಗ ನಡಕೊಂಡೆ. ಅಷ್ಟು ದೊಡ್ಡ ಸಾಹೇಬ್ರಿಗೇ ತಿರುಗಿ ನೋಡಾಕ ಬರಂಗಿಲ್ಲಂದ್ರ, ಬೀರಪ್ಪ ದೇವ್ರನ್ನ ತಿರುಗಿ ಕೇಳಾಕ ನಿಮಗ ಅಧಿಕಾರ ಕೊಟ್ಟವರ‍್ಯಾರು?"

ಅಮಸಿದ್ದಪ್ಪನ ಕೈಯಲ್ಲಿ ಚೀಲ ಇನ್ನೂ ಬಿಚ್ಚಿಕೊಂಡೇ ಇತ್ತು. ಮಾಯವ್ವ ಕೈ ಹಾಕಿ ಒಂದು ಚಿಟಿಕೆ ಭಂಡಾರ ತೆಗೆದು ಹಣೆಗೆ ಹಚ್ಚಿಕೊಂಡಳು. ಇನ್ನೊಂದು ಚಿಟಿಕೆಯನ್ನು ಶೇವಂತಿಗೆಂದು ಸೆರಗಿನ ತುದಿಗೆ ಕಟ್ಟಿಕೊಂಡು ಬಸ್ಸಿನ ಕಡೆ ನಡೆದಳು.