ಮುದ್ದಕ್ಕನ ಶಾಮಿಯಾನ, ಮುರುಗೇಂದ್ರಪ್ಪನ ಕೈ

ವೈಶಾಖದಲ್ಲಿ ನಮ್ಮ ಕಡೆ ಗಾಳಿ ಎದ್ದರೆ ಹೆಂಗಿರುತ್ತೆ ಅಂತ ಚಳ್ಳಕೆರೆ, ಮೊಳಕಾಲ್ಮುರು ಸೀಮೆಯವರಿಗೆ ಯಾರೂ ಹೇಳಿಕೊಡಬೇಕಾಗಿಲ್ಲ. ಒಣಗಾಕಿದ ಬಟ್ಟೆ ಪಕ್ಕದ ಬೀದಿಯಲ್ಲಿ ಸಿಗುತ್ತೆ. ಮನೆ ಮೇಲಿನ ತಗಡು ಹೊಲದಲ್ಲಿ ಸಿಗುತ್ತೆ. ಎರಡು ಸಾವಿರದ ಮೂರನೇ ಇಸವಿಯಲ್ಲಿ ಅಂಥದ್ದೊಂದು ಗಾಳಿ ದೇವಸಮುದ್ರದ ಮದುವೆ ಮನೆಯೊಂದರ ಮುಂದೆ ಬೀಸಿತು. ಜನ ಕಣ್ಣಿಗೆ ಬಿದ್ದ ಮಣ್ಣು ಒರೆಸಿಕೊಳ್ಳೋ ಹೊತ್ತಿಗೆ ನಿಂತೂ ಹೋಯಿತು. ಆದರೆ ಅದರಿಂದ ಎದ್ದ ಕೇಸು ಚಳ್ಳಕೆರೆಯ ಮುದ್ದಕ್ಕನ ಅಂಗಡಿಯನ್ನೇ ಹಾರಿಸಿಕೊಂಡು ಹೋಗೋದರಲ್ಲಿತ್ತು.

ಮುದ್ದಕ್ಕನದು ಶಾಮಿಯಾನ ಅಂಗಡಿ. ಕುರ್ಚಿ, ಜಮಖಾನ, ಅಡಿಗೆ ಪಾತ್ರೆ ಎಲ್ಲಾ ಬಾಡಿಗೆಗೆ ಸಿಗುತ್ತಿದ್ದವು. ಸ್ತ್ರೀಶಕ್ತಿ ಸಂಘದ ಸಾಲದಲ್ಲಿ ಶುರು ಮಾಡಿದ್ದರಿಂದ ಲೈಸೆನ್ಸು ಅವಳ ಹೆಸರಿನಲ್ಲೇ ಇತ್ತು. ಕಂಬ ನೆಡೋದು, ಹಗ್ಗ ಎಳೆದು ಕಟ್ಟೋದು ಗಂಡ ಗಾದ್ರಪ್ಪನ ಕೆಲಸ. ಕೆಲಸದಲ್ಲಿ ಗಟ್ಟಿಗ. ಮಾತಿನಲ್ಲಿ ಇನ್ನೂ ಗಟ್ಟಿಗ.

ಅವತ್ತು ಮದುವೆ ಊಟದ ಹೊತ್ತಿಗೆ ಗಾಳಿ ಶಾಮಿಯಾನವನ್ನು ಛತ್ರಿ ಹಂಗೆ ಮೇಲಕ್ಕೆತ್ತಿ ಬಿಸಾಕಿತು. ಎಲೆ ಮುಂದೆ ಕೂತಿದ್ದ ಮುರುಗೇಂದ್ರಪ್ಪನ ಬಲಗೈ ಮೇಲೆ ಕಂಬ ಬಿತ್ತು. ಮಣಿಕಟ್ಟಿನ ಮೂಳೆ ಮುರೀತು. ಮುರುಗೇಂದ್ರಪ್ಪ ದೇವಸಮುದ್ರದ ಟೈಲರು. ಬಲಗೈಯೇ ಅವನ ಅನ್ನ. ಬಳ್ಳಾರಿ ಆಸ್ಪತ್ರೆಗೆ ಕರಕೊಂಡು ಹೋದರು.

"ನಾಳೆ ಹೋಗಿ ನೋಡ್ಕಂಡು ಬರಾಣ ಕಣ್ರಿ. ನಮ್ಮ ಕಂಬ ಬಿದ್ದಿರೋದು," ಅಂದಳು ಮುದ್ದಕ್ಕ.

ಗಾದ್ರಪ್ಪನಿಗೂ ಮನಸ್ಸಿತ್ತು. ಆದರೆ ಪಕ್ಕದ ಹೋಟೆಲಿನ ಮಾರಯ್ಯ ತಡೆದ. "ಲೇ ಗಾದ್ರಿ, ತಲೆ ಕೆಟ್ಟೈತಾ? ನೋಡಕ್ಕೆ ಹೋದ್ರೆ ತಪ್ಪು ಒಪ್ಕಂಡಂಗೆ ಆಗುತ್ತೆ. ಆಮೇಲೆ ನಿನ್ನ ಕೊರಳಿಗೇ ಸುತ್ಕಂತದೆ. ಸುಮ್ನಿದ್ದುಬಿಡು."

ಗಾದ್ರಪ್ಪ ಸುಮ್ಮನಿದ್ದುಬಿಟ್ಟ. ಮುದ್ದಕ್ಕನಿಗೆ ಮಾತ್ರ ಅನ್ನ ಕಲಸಿ ಬಾಯಿಗಿಡುವಾಗೆಲ್ಲ ಆ ಮನುಷ್ಯ ಹೆಂಗೆ ಉಣ್ಣುತ್ತಾನೋ ಅನ್ನಿಸುತ್ತಿತ್ತು.

ದೀಪಾವಳಿ ಕಳೆಯಿತು. ಒಂದು ಮಧ್ಯಾಹ್ನ ಅಂಗಡಿ ಮುಂದೆ ಕೋರ್ಟಿನ ಅಮೀನ ಬಂದು ನಿಂತ. "ಮುದ್ದಕ್ಕ ಅಂದ್ರೆ ಯಾರು? ಮೊಳಕಾಲ್ಮುರು ಕೋರ್ಟಿಂದ ಸಮನ್ಸ್ ಬಂದೈತೆ."

ಒಳಗೆ ಹಂಡೆ ತಿಕ್ಕುತ್ತಿದ್ದ ಮುದ್ದಕ್ಕನ ಕೈ ಅಲ್ಲೇ ನಿಂತಿತು.

"ಅವಳು ಊರಾಗಿಲ್ಲ. ನಾನೂ ತಗಳಲ್ಲ. ತಗಂಡ್ರೆ ತಾನೆ ಕೇಸು?" ಗಾದ್ರಪ್ಪ ಎದೆ ಸೆಟೆಸಿ ಹೇಳಿದ.

ಅಮೀನನಿಗೆ ಇಂಥವರನ್ನ ನೋಡಿ ಅಭ್ಯಾಸ. ಜಗಳ ಆಡಲಿಲ್ಲ. ಅಕ್ಕಪಕ್ಕದವರನ್ನ ಸಾಕ್ಷಿಗೆ ಕರೆದು, ಸಮನ್ಸನ್ನು ಅಂಗಡಿ ಬಾಗಿಲಿಗೆ ಅಂಟಿಸಿ, ಸೈಕಲ್ ಹತ್ತಿ ಹೋದ. ಗಾದ್ರಪ್ಪ ಅದನ್ನ ಕಿತ್ತು ಬಿಸಾಡಬೇಕು ಅನ್ನುವಷ್ಟರಲ್ಲಿ ಮುದ್ದಕ್ಕ ಒದ್ದೆ ಕೈಯಲ್ಲೇ ಓಡಿ ಬಂದು ಅಡ್ಡ ನಿಂತಳು. "ಮುಟ್ಟಬ್ಯಾಡ್ರಿ! ಹೆಸರು ನಂದೈತೆ. ಹೋದ್ರೆ ನನ್ನ ಅಂಗಡಿ ಹೋಗೋದು."

ಮರುದಿನ ಬೆಳಿಗ್ಗೆ ಅವಳು ಸಮನ್ಸನ್ನು ಹುಷಾರಾಗಿ ಬಿಡಿಸಿಕೊಂಡು, ಗಂಡನನ್ನ ಎಳಕೊಂಡು ವಕೀಲೆ ಸುಲೋಚನಮ್ಮನ ಆಫೀಸಿಗೆ ಹೋದಳು. ಸುಲೋಚನಮ್ಮ ಹಿಂದೊಮ್ಮೆ ಸಂಘದ ಹೆಣ್ಣುಮಕ್ಕಳಿಗೆ ಕಾನೂನಿನ ವಿಷಯ ಹೇಳಿಹೋಗಿದ್ದವರು. ಚಳ್ಳಕೆರೆ, ಮೊಳಕಾಲ್ಮುರು ಎರಡೂ ಕೋರ್ಟಿನಲ್ಲಿ ಕೆಲಸ ಮಾಡುವವರು.

"ತಗಳದಿದ್ರೆ ಕೇಸು ನಿಲ್ಲಲ್ಲ ಗಾದ್ರಪ್ಪ," ಅವರು ಸಮನ್ಸ್ ಓದಿ ಹೇಳಿದರು. "ಕೈ ಮುರಿದಿದ್ದಕ್ಕೆ ಪರಿಹಾರ ಕೊಡಿಸಿ ಅಂತ ಮುರುಗೇಂದ್ರಪ್ಪ ಹಾಕಿರೋ ಕೇಸು ಇದು. ಬಾಗಿಲಿಗೆ ಅಂಟಿಸಿದ್ರೂ ಮುಟ್ಟಿದಂಗೇ ಲೆಕ್ಕ. ನಾಳೆಯೇ ವಾಯಿದೆ ಐತೆ. ನೀವು ಹೋಗ್ಲಿಲ್ಲ ಅಂದ್ರೆ ಜಡ್ಜ್ ಸಾಹೇಬ್ರು ಮುರುಗೇಂದ್ರಪ್ಪನ ಮಾತೊಂದನ್ನೇ ಕೇಳಿ ತೀರ್ಪು ಕೊಡಬಹುದು. ಆಮೇಲೆ ಶಾಮಿಯಾನ, ಕುರ್ಚಿ, ಪಾತ್ರೆ ಎಲ್ಲಾ ಜಪ್ತಿಗೆ ಬರ್ತವೆ. ತೀರ್ಪನ್ನ ತಿರುಗಿಸಬೇಕು ಅಂದ್ರೆ ಮತ್ತೆ ಅರ್ಜಿ, ಮತ್ತೆ ಖರ್ಚು."

"ಹಂಗಾದ್ರೆ ಹೈಕೋರ್ಟ್ ತನಕ ಹೋಗ್ತೀನಿ!" ಗಾದ್ರಪ್ಪ ಮೇಜು ಕುಟ್ಟಿದ. "ತಪ್ಪು ನಂದಲ್ಲ ಮೇಡಂ. ಗೂಟ ಗಟ್ಟಿ ಹೊಡೆದಿದ್ದೆ. ಕಾರು ಬರಕ್ಕೆ ದಾರಿ ಆಗ್ಲಿ ಅಂತ ಮದುವೆ ಮನೆಯೋರೇ ಎರಡು ಹಗ್ಗ ಬಿಚ್ಚಿದ್ರು."

"ಕಟ್ಟಿದ ಹಗ್ಗ ಬಿಚ್ಚಬಾರದು ಅಂತ ಏನಾದ್ರೂ ಬರೆದು ಕೊಟ್ಟಿದ್ಯಾ?"

"ಮದುವೆ ಮನೆಗೆ ಬರೆದು ಕೊಡದಾ? ಎಲ್ಲಾ ಬಾಯಿ ಮಾತಲ್ಲೇ."

"ನೋಡು ಮತ್ತೆ. ಬಾಯಿ ಮಾತಿಗೆ ಕೋರ್ಟಿನಾಗೆ ಸಾಕ್ಷಿ ಬೇಕು. ಸಾಕ್ಷಿನ ಕರಕಂಡು ಹೋಗಬೇಕು, ಅವನ ಬಸ್ ಚಾರ್ಜು, ಊಟ ನೀನೇ ನೋಡಬೇಕು. ಅವತ್ತು ವಾಯಿದೆ ಮುಂದಕ್ಕೆ ಹೋದ್ರೆ ಇನ್ನೊಂದು ದಿನ ಕರಕಂಡು ಹೋಗಬೇಕು. ಲಗ್ನದ ಕಾಲದಾಗೆ ವಾಯಿದೆ ಬಿದ್ರೆ ಶಾಮಿಯಾನ ಯಾರು ಹಾಕ್ತಾರೆ? ದೊಡ್ಡ ಕಂಪನಿಯೋರಿಗಾದ್ರೆ ಕೋರ್ಟಿಗೆ ಓಡಾಡಕ್ಕೇ ಒಬ್ಬ ನೌಕರ ಇರ್ತಾನೆ. ನಿಮಗೆ ನೀವಿಬ್ಬರೇ. ಗೆದ್ದು ಬರೋ ಹೊತ್ತಿಗೆ ಗಿರಾಕಿ ಬೇರೆ ಅಂಗಡಿ ಹಿಡಿದಿರ್ತಾರೆ."

ಮುದ್ದಕ್ಕ ಕೇಳಿದಳು, "ನಿಮ್ಮ ಫೀಜು ಕೊಡೋ ಶಕ್ತಿ ನಮಗೆಲ್ಲೈತಕ್ಕಾ?"

"ಕೊಡಬೇಕಾಗಿಲ್ಲ. ಹೆಣ್ಣುಮಗಳು ಅಂದ್ಮೇಲೆ ಕಾನೂನು ಸೇವಾ ಸಮಿತಿಯೋರು ವಕೀಲರನ್ನ ಪುಕ್ಕಟೆ ಕೊಡ್ತಾರೆ. ಆ ಪಟ್ಟಿಯಾಗೆ ನಾನೂ ಇದೀನಿ. ನಾಳೆ ನಾನು ಮೊದಲೇ ಹೋಗಿ ಅರ್ಜಿ ತಯಾರು ಮಾಡಿರ್ತೀನಿ. ಆದ್ರೆ ನೀವು ಬಂದು ಸಹಿ ಹಾಕದೆ ನಾನು ನಿಮ್ಮ ಪರ ನಿಲ್ಲಕ್ಕಾಗಲ್ಲ. ಕೋರ್ಟ್ ಕೂಗೋ ಹೊತ್ತಿಗೆ ಅಲ್ಲಿರಬೇಕು. ತಪ್ಪಿಸಬ್ಯಾಡ್ರಿ!"

ಮರುದಿನ ಗಂಡ ಹೆಂಡತಿ ಬಸ್ಸು ಹಿಡಿದರು. ತಳಕು ದಾಟಿತು, ಹಿರೇಹಳ್ಳಿ ದಾಟಿತು. ಇನ್ನೇನು ಹಾನಗಲ್ ಬಂತು ಅನ್ನುವಾಗ ಢಮ್ ಅಂತ ಬಸ್ಸಿನ ಟೈರು ಸಿಡಿಯಿತು. ಕಂಡಕ್ಟರ್ ಇಳಿದು ನೋಡಿ, ಸ್ಟೆಪ್ನಿಯಲ್ಲೂ ಗಾಳಿ ಇಲ್ಲ ಅಂತ ಕೈಯಾಡಿಸಿದ.

"ದೇವ್ರೇ ಬ್ಯಾಡ ಅಂತಾವ್ನೆ. ನಡಿಯೇ, ವಾಪಸ್ ಹೋಗಾಣ," ಅಂದ ಗಾದ್ರಪ್ಪ. ಒಳಗೊಳಗೇ ಅವನಿಗೆ ಖುಷಿ.

ಮುದ್ದಕ್ಕ ಸರಸರ ಬಸ್ಸಿಳಿದಳು. ರೋಡಿನ ನಡುವೆ ಹೋಗಿ ಎರಡೂ ಕೈ ಚಾಚಿ ನಿಂತಳು. ರಾಯದುರ್ಗದ ಕಡೆ ಈರುಳ್ಳಿ ಹೊತ್ತು ಹೊರಟಿದ್ದ ಟ್ರ್ಯಾಕ್ಟರ್ ಒಂದು ಕಿರ್ರ್ ಅಂತ ಅವಳ ಮುಂದೆ ಬಂದು ನಿಂತಿತು.

"ಏಮಮ್ಮಾ, ಸಾಯಬೇಕಂತ ಬಂದ್ಯಾ?" ಡ್ರೈವರ್ ಕಿರುಚಿದ.

"ಮೊಳಕಾಲ್ಮುರು ಕೋರ್ಟಿಗೆ ಹೋಗಬೇಕಪ್ಪ! ನನ್ನ ಹೆಸರು ಕೂಗಿಬಿಡ್ತಾರೆ!"

ಡ್ರೈವರ್ ಅವಳ ಮುಖ ನೋಡಿದ. "ಕೋರ್ಟಾ? ಎಕ್ಕಮ್ಮಾ, ಬೇಗ ಹತ್ತು!" ಅಂದ.

ಮುದ್ದಕ್ಕ ಸೆರಗು ಸೊಂಟಕ್ಕೆ ಸಿಕ್ಕಿಸಿ, ಟ್ರೇಲರಿನ ಗಾಲಿ ಮೇಲೆ ಕಾಲಿಟ್ಟು ಈರುಳ್ಳಿ ಮೂಟೆ ಏರಿಬಿಟ್ಟಳು. ಟ್ರ್ಯಾಕ್ಟರ್ ಹೊರಟೇಬಿಟ್ಟಿತು. ಗಾದ್ರಪ್ಪ ಚಪ್ಪಲಿ ಕೈಯಲ್ಲಿ ಹಿಡಕೊಂಡು "ಲೇ ನಿಲ್ಸಲೇ, ನಾನೂ ಬರ್ತೀನಿ!" ಅಂತ ಹಿಂದೆ ಓಡಿ, ಹೆಂಡತಿ ಕೈ ಹಿಡಿದು ಹತ್ತಿದ. ಟ್ರ್ಯಾಕ್ಟರ್ ಗುಂಡಿ ಹತ್ತಿ ಇಳಿದಾಗೆಲ್ಲ ಇಬ್ಬರೂ ಮೂಟೆ ಮೇಲೆ ಚೆಂಡಿನ ಹಂಗೆ ಪುಟಿಯುತ್ತಿದ್ದರು. ಕಣ್ಣಲ್ಲಿ ನೀರು. ಈರುಳ್ಳಿಗೋ ಭಯಕ್ಕೋ ಮುದ್ದಕ್ಕನಿಗೇ ಗೊತ್ತಾಗಲಿಲ್ಲ.

ಕೋರ್ಟಿನ ಗೇಟಿಗೆ ಬರುವಾಗಲೇ ಜವಾನ ಕೂಗುತ್ತಿದ್ದ. "ಮುದ್ದಕ್ಕ ಕೋಂ ಗಾದ್ರಪ್ಪ!"

ಮುದ್ದಕ್ಕ ಓಡಿದಳು. ಮೆಟ್ಟಿಲ ಹತ್ತಿರ ಇನ್ನೊಂದು ಕೂಗು. ವರಾಂಡದಲ್ಲಿ ಕೂತಿದ್ದವರ ಕಾಲು ದಾಟಿಕೊಂಡು ನುಗ್ಗಿದಳು. ಜವಾನ ಕೊನೇ ಸಲ ಬಾಯಿ ತೆರೆದಿದ್ದ, ಅಷ್ಟರಲ್ಲಿ ಬಾಗಿಲಿಂದಲೇ, "ಬಂದೆ ಸ್ವಾಮೀ! ಮುದ್ದಕ್ಕ ನಾನೇ!" ಅಂತ ಅವಳು ಕೂಗಿದ್ದು ಇಡೀ ಕೋರ್ಟಿಗೆ ಕೇಳಿಸಿತು.

ತಲೆ ತುಂಬ ಈರುಳ್ಳಿ ಸಿಪ್ಪೆ. ಜನ ನಕ್ಕರು. ಜಡ್ಜ್ ಸಾಹೇಬರೂ ನಗು ನುಂಗಿಕೊಂಡು, "ನಿಧಾನ ತಾಯಿ, ಸುಧಾರಿಸ್ಕೊಳ್ಳಿ," ಅಂದರು. ಸುಲೋಚನಮ್ಮ ಉಸಿರು ಬಿಟ್ಟು ಪೆನ್ನು ಕೈಗಿಟ್ಟರು. ಸಹಿ ಆಯಿತು. ಎರಡೂ ಕಡೆಯವರು ಮಾತಾಡಿ ಬಗೆಹರಿಸಿಕೊಳ್ಳೋ ಹಂಗಿದ್ದರೆ ಬರುವ ಶನಿವಾರ ಇಲ್ಲೇ ಲೋಕ ಅದಾಲತ್ ಐತೆ ಅಂತ ಜಡ್ಜ್ ಸಾಹೇಬರು ಹೇಳಿದರು. ಮುರುಗೇಂದ್ರಪ್ಪನ ವಕೀಲರೂ ತಲೆಯಾಡಿಸಿದರು.

ಹೊರಗೆ ಬೇವಿನ ಮರದ ಕೆಳಗೆ ಮುರುಗೇಂದ್ರಪ್ಪ ನಿಂತಿದ್ದ. ಬಲಗೈ ಮಣಿಕಟ್ಟು ಸೊಟ್ಟಗೆ ಕೂಡಿತ್ತು. ಗಾದ್ರಪ್ಪ ಬೇಡ ಅಂತ ಸನ್ನೆ ಮಾಡಿದರೂ ಮುದ್ದಕ್ಕ ಸೀದಾ ಅವನ ಹತ್ತಿರ ಹೋದಳು.

"ಅಣ್ಣಾ, ಕೈ ಹೆಂಗೈತೆ?"

ಮುರುಗೇಂದ್ರಪ್ಪ ಅವಳನ್ನೇ ನೋಡಿದ. "ಇದನ್ನ ಕೇಳಕ್ಕೆ ಇಷ್ಟು ದಿನ ಬೇಕಾಯ್ತೇನಮ್ಮ? ಆಸ್ಪತ್ರೆಯಾಗೆ ಬಾಗಿಲ ಕಡೆನೇ ನೋಡ್ತಿದ್ದೆ. ಈಗ ಬರ್ತಾರೆ, ಆಗ ಬರ್ತಾರೆ ಅಂತ. ಒಬ್ಬರೂ ಬರಲಿಲ್ಲ. ಆ ಸಿಟ್ಟಿಗೇ ಕೇಸ್ ಹಾಕಿದ್ದು. ಈಗ ನೋಡಿದ್ರೆ ವಾಯಿದೆಗೊಂದ್ಸಲ ನನ್ನ ಅಂಗಡಿನೂ ಬಾಗಿಲು ಹಾಕಬೇಕು."

ಮುದ್ದಕ್ಕನಿಗೆ ನಿಂತಲ್ಲೇ ಕುಗ್ಗಿಹೋದಂಗಾಯಿತು. "ನೋಡಕ್ಕೆ ಹೋದ್ರೆ ತಪ್ಪು ಒಪ್ಕಂಡಂಗೆ ಅಂತ ಹೆದರಿಸಿದ್ರಣ್ಣ," ಅಂದಳು. ಸುಲೋಚನಮ್ಮ ಗಾದ್ರಪ್ಪನ ಕಡೆ ತಿರುಗಿ, "ಪೆಟ್ಟು ಬಿದ್ದೋರನ್ನ ಮಾತಾಡಿಸಿಕಂಡು ಬಂದ್ರೆ ತಪ್ಪು ಒಪ್ಕಂಡಂಗೆ ಅಂತ ಯಾವ ಕಾನೂನೂ ಹೇಳಲ್ಲ," ಅಂದರು.

ಶನಿವಾರ ಲೋಕ ಅದಾಲತ್ತಿಗೆ ಮದುವೆ ಮನೆಯ ಯಜಮಾನ ದೊಡ್ಡಪಾಲಯ್ಯನೂ ಬಂದ. ಸುಲೋಚನಮ್ಮ ಅವನಿಗೆ ಹೇಳಿ ಕಳಿಸಿದ್ದರು. ಒಂದು ಮೇಜು, ಸುತ್ತ ಕುರ್ಚಿ, ನಡುವೆ ಜಡ್ಜ್ ಸಾಹೇಬರು, ಉಳಿದವರೆಲ್ಲ ಎದುರುಬದರು. ಗಾದ್ರಪ್ಪ ಕೂರುವ ಮೊದಲೇ ಶುರು ಮಾಡಿದ. "ಗಾಳಿ ಬಂದಿದ್ದಕ್ಕೆ ನಾನೇನ್ ಮಾಡ್ಲಿ ಸ್ವಾಮಿ? ಗಾಳಿ ಮೇಲೆ ಕೇಸ್ ಹಾಕ್ರಿ!"

"ಹಗ್ಗ ನಮ್ಮೋರೇ ಬಿಚ್ಚಿದ್ದು, ಸುಳ್ಳಲ್ಲ," ದೊಡ್ಡಪಾಲಯ್ಯ ತಲೆ ತಗ್ಗಿಸಿ ಹೇಳಿದ.

"ನೋಡ್ರಿ! ನಾ ಹೇಳಲಿಲ್ವಾ!" ಗಾದ್ರಪ್ಪ ಎದ್ದು ನಿಂತ.

ಮುರುಗೇಂದ್ರಪ್ಪ ಮೆತ್ತಗೆ ಕೇಳಿದ. "ಬಿಚ್ಚಿದ್ದು ನೀನು ನೋಡಿದ್ಯಾ?"

"ನೋಡಿದೆ."

"ಮತ್ತೆ ಯಾಕಪ್ಪಾ ಕಟ್ಟಲಿಲ್ಲ?"

ಎದ್ದು ನಿಂತಿದ್ದ ಗಾದ್ರಪ್ಪ ನಿಧಾನಕ್ಕೆ ಕೂತ. ಹೆಂಡತಿ ಕಡೆ ನೋಡಿದ. ಅವಳು ಮುಖ ತಿರುಗಿಸಲಿಲ್ಲ. "ಕಟ್ಟಬೇಕಿತ್ತು ಕಣಣ್ಣ," ಅಂದ. "ಶುಭಕಾರ್ಯದಾಗೆ ಜಗಳ ಯಾಕೆ ಅಂತ ಬಿಟ್ಟೆ. ನಿನ್ನ ಕೈ ಹೋಯ್ತು."

ಅಲ್ಲಿಂದ ಮುಂದಕ್ಕೆ ಮಾತು ಸಲೀಸಾಗಿ ಹೋಯಿತು. ಆಸ್ಪತ್ರೆ ಖರ್ಚು, ಹೊಲಿಗೆ ನಿಂತು ಆದ ನಷ್ಟ ಎರಡನ್ನೂ ಮುದ್ದಕ್ಕನ ಅಂಗಡಿ ಮತ್ತು ದೊಡ್ಡಪಾಲಯ್ಯ ಹಂಚಿಕೊಂಡು, ಕಂತಿನಲ್ಲಿ ಕೊಡುವುದು ಅಂತ ತೀರ್ಮಾನ ಆಯಿತು. ಮುರುಗೇಂದ್ರಪ್ಪ ಕೇಸಿಗೆ ಕಟ್ಟಿದ್ದ ಕೋರ್ಟ್ ಶುಲ್ಕ ಅವನಿಗೇ ವಾಪಸ್. ಎಲ್ಲರೂ ಸಹಿ ಹಾಕಿದರು.

"ಇದರ ಮೇಲೆ ಇನ್ನೊಂದು ಕೋರ್ಟಿಗೆ ಎಳೀತಾರಾ ಸ್ವಾಮಿ?" ಮುದ್ದಕ್ಕ ಕೇಳಿದಳು.

"ಇಲ್ಲಮ್ಮ. ಇದು ಕೋರ್ಟಿನ ತೀರ್ಪಿನಷ್ಟೇ ಗಟ್ಟಿ. ಇದಕ್ಕೆ ಅಪೀಲು ಇಲ್ಲ. ಕೇಸು ಮುಗೀತು," ಅಂದರು ಜಡ್ಜ್ ಸಾಹೇಬರು.

ಮುಗೀತು! ಮುದ್ದಕ್ಕ ಹೊರಗೆ ಬಂದು ಬೇವಿನ ಮರಕ್ಕೆ ಒರಗಿ ಗಟ್ಟಿಯಾಗಿ ನಕ್ಕುಬಿಟ್ಟಳು. ಎಲ್ಲರೂ ಒಟ್ಟಿಗೆ ಚಾ ಕುಡಿದರು. ಸಮನ್ಸು ತಗಳಲ್ಲ ಅಂದಿದ್ದ ಗಾದ್ರಪ್ಪ ವಾಪಸ್ ಬರುವಾಗ ಬಸ್ಸಿನಲ್ಲಿ ಪಕ್ಕ ಕೂತ ಗುರುತಿಲ್ಲದವನಿಗೂ ಲೋಕ ಅದಾಲತ್ ಅಂದರೇನು ಅಂತ ಕೈಬಾಯಿ ತಿರುಗಿಸಿ ಹೇಳುತ್ತಿದ್ದ.

ಆಮೇಲೆ ಅವರು ಬಾಡಿಗೆ ರಸೀದಿ ಅಚ್ಚು ಹಾಕಿಸಿದರು. ಹಗ್ಗ, ಗೂಟ ಮುಟ್ಟಬಾರದು, ಗಾಳಿ ಎದ್ದರೆ ಕೆಳಗೆ ಕೂರಬಾರದು ಅಂತ ಅದರಲ್ಲಿ ದಪ್ಪ ಅಕ್ಷರದಲ್ಲಿತ್ತು. ಗಿರಾಕಿ ಓದಿ ಸಹಿ ಹಾಕಿದ ಮೇಲೇ ಸಾಮಾನು ಗಾಡಿ ಹತ್ತುತ್ತಿತ್ತು. ಯಾರಾದರೂ ಹಗ್ಗ ಬಿಚ್ಚಿದರೆ ಗಾದ್ರಪ್ಪ ಮುಲಾಜಿಲ್ಲದೆ ಅವರ ಮುಂದೇ ಮತ್ತೆ ಕಟ್ಟುತ್ತಿದ್ದ. ತಮ್ಮ ಕೆಲಸದಿಂದ ಬೇರೆಯವರಿಗೆ ಪೆಟ್ಟಾದರೆ ಭರಿಸುವ ವಿಮೆಯನ್ನೂ ಮಾಡಿಸಿದರು. ಮುಂದೊಂದು ದಿನ ಹೋಟೆಲಿನ ಮಾರಯ್ಯನಿಗೆ ಬಾಡಿಗೆ ಜಗಳದಲ್ಲಿ ನೋಟಿಸು ಬಂತು. ಅವನು ಅದನ್ನ ಒಲೆಗೆ ಹಾಕಲು ಹೊರಟಾಗ ಗಾದ್ರಪ್ಪನೇ ಕೈ ಹಿಡಿದು, "ಲೇ, ನಡಿಯಲೇ ಸುಲೋಚನಮ್ಮನೋರ ತಾವ!" ಅಂತ ದರದರ ಎಳಕೊಂಡು ಹೋದ.

ಕೇಳಿದಿರಲ್ಲ ಅಕ್ಕಂದಿರೇ, ಅಣ್ಣಂದಿರೇ! ನಿಮ್ಮದು ಗಿರಣಿ ಇರಲಿ, ಮಗ್ಗ ಇರಲಿ, ಟೈಲರ್ ಅಂಗಡಿ ಇರಲಿ, ವ್ಯವಹಾರ ಅಂದ ಮೇಲೆ ತಕರಾರು ಬಂದೇ ಬರುತ್ತೆ. ಒಪ್ಪಂದದ ಮಾತು ಚಿಕ್ಕದಾದರೂ ಸರಿ, ಬರೆದು ಸಹಿ ಹಾಕಿಸಿ. ಯಾರಿಗಾದರೂ ನಿಮ್ಮಿಂದ ತೊಂದರೆಯಾದರೆ ಮೊದಲು ಹೋಗಿ ಮಾತಾಡಿಸಿ. ಕೋರ್ಟಿನಿಂದ ಸಮನ್ಸ್ ಬಂದರೆ ಬಾಗಿಲು ಹಾಕಬೇಡಿ, ಕೈ ಚಾಚಿ ತಗೊಳ್ಳಿ, ಹೇಳಿದ ದಿನ ತಪ್ಪದೆ ಹೋಗಿ. ಹೆಣ್ಣುಮಕ್ಕಳಿಗೆ, ಪರಿಶಿಷ್ಟ ಜಾತಿ, ಪಂಗಡದವರಿಗೆ, ಆದಾಯ ಕಡಿಮೆ ಇರುವವರಿಗೆ ವಕೀಲರ ನೆರವು ಪುಕ್ಕಟೆ ಸಿಗುತ್ತೆ. ನಿಮ್ಮ ತಾಲ್ಲೂಕು ಕೋರ್ಟಿನಲ್ಲೇ ಕಾನೂನು ಸೇವಾ ಸಮಿತಿ ಐತೆ. ಕೂತು ಮಾತಾಡಿದರೆ ಮುಗಿಯೋ ಜಗಳಕ್ಕೆ ವರ್ಷಗಟ್ಟಲೆ ಅಲೆಯಬೇಡಿ, ಲೋಕ ಅದಾಲತ್ತಿಗೆ ಬನ್ನಿ. ನಿಮ್ಮ ಅಂಗಡಿ ಬಾಗಿಲು ದಿನಾ ತೆರೆದಿರಲಿ!